ಟಿ.ಟಿ. ರಸೀದಿ ಇದ್ದರೆ ಗೋಮಾಳ ನಮ್ಮದಾಗುತ್ತಾ?

ಪ್ರಶ್ನೆ: ನಮ್ಮ ತಂದೆ 1985ರ ಸುಮಾರಿಗೆ ಊರ ಗೋಮಾಳದಲ್ಲಿ ಎರಡು ಎಕರೆ ಹಸನು ಮಾಡಿ ರಾಗಿ ಬಿತ್ತಲು ಶುರು ಮಾಡಿದರು. ಟಿ.ಟಿ. ದಂಡ ಕಟ್ಟಿದ ರಸೀದಿಗಳಿವೆ. ಜಮೀನು ಸಕ್ರಮ ಮಾಡಿಕೊಡಿ ಅಂತ ಫಾರಂ 53ರಲ್ಲಿ ಅರ್ಜಿ ಹಾಕಿದ್ದು ಇನ್ನೂ ಇತ್ಯರ್ಥ ಆಗಿಲ್ಲ. ಈಗ 7 ದಿನದಲ್ಲಿ ಜಾಗ ಬಿಡಿ ಅಂತ ನೋಟಿಸ್ ಬಂದಿದೆ. 12 ವರ್ಷ ಅನುಭವದಲ್ಲಿದ್ದರೆ ಜಮೀನು ನಮ್ಮದೇ ಅಂತಾರಲ್ಲ, ಸಿವಿಲ್ ಕೋರ್ಟಿಗೆ ಹೋಗಬಹುದಾ?
– ಬಯಲುಸೀಮೆಯ ಓದುಗರು

ಉತ್ತರ: ಮೊದಲು ಆ ರಸೀದಿಯನ್ನೇ ಬಿಡಿಸಿ ನೋಡಿ. ಅದು ಕಂದಾಯದ ರಸೀದಿ ಅಲ್ಲ, ದಂಡದ್ದು. ಅಂದರೆ ‘ಇದು ಸರ್ಕಾರದ ಜಮೀನು, ನೀವು ಅನುಮತಿ ಇಲ್ಲದೆ ಉಳುತ್ತಿದ್ದೀರಿ’ ಅಂತ ಸರ್ಕಾರ ಬರೆದುಕೊಟ್ಟ ಚೀಟಿ. ಅಷ್ಟು ವರ್ಷ ಜೋಪಾನ ಮಾಡಿದ ಕಾಗದ ಮಾಲೀಕತ್ವದ ದಾವೆಯಲ್ಲಿ ನಿಮಗೇ ತಿರುಗುಬಾಣ ಆಗುತ್ತದೆ. ಪಹಣಿಯ 12ನೇ ಕಾಲಂನಲ್ಲಿ ತಂದೆಯ ಹೆಸರಿದ್ದರೂ ಅಷ್ಟೆ. ಅದು ಉಳುಮೆದಾರರ ಕಾಲಂ. ಮಾಲೀಕರದ್ದು 9ನೇದು.

12 ವರ್ಷದ ಮಾತು ಖಾಸಗಿ ಜಮೀನಿಗೆ. ಸರ್ಕಾರದ ವಿರುದ್ಧವಾದರೆ ಕಾಲಮಿತಿ ಕಾಯ್ದೆಯ 112ನೇ ವಿಧಿಯಂತೆ 30 ವರ್ಷ ಬೇಕು. ನಿಮಗೆ 30 ದಾಟಿದೆ, ನಿಜ. ಆದರೆ ವರ್ಷ ಎಣಿಸಿದರೆ ಸಾಲದು. ‘ಇದು ನನ್ನದು, ನಿಮ್ಮದಲ್ಲ’ ಅಂತ ಬಹಿರಂಗವಾಗಿ ಇದ್ದಿರಬೇಕು. ನೀವು ಮಾಡಿದ್ದೇನು? ಫಾರಂ 53 ಹಾಕಿ ‘ನಿಮ್ಮ ಜಮೀನನ್ನು ನನಗೆ ಮಂಜೂರು ಮಾಡಿ’ ಅಂತ ಕೇಳಿದಿರಿ. ಕೇಳಿದ ಮೇಲೆ ಅದು ಮೊದಲಿಂದ ನಮ್ಮದೇ ಅನ್ನಲಾಗದು. ಎರಡು ದೋಣಿಯಲ್ಲಿ ಕಾಲಿಡುವ ಈ ಕೆಲಸದಿಂದ ಕೆಟ್ಟ ಕೇಸುಗಳೇ ಜಾಸ್ತಿ. ಸಾಲದ್ದಕ್ಕೆ, ಸಾರ್ವಜನಿಕ ಉಪಯೋಗದ ಜಮೀನಿನ ಮೇಲೆ ಇಂಥ ಹಕ್ಕು ಹುಟ್ಟಬಾರದು ಎಂದು ಸುಪ್ರೀಂ ಕೋರ್ಟ್ 2019ರಲ್ಲಿ ಹೇಳಿದೆ.

ಹಾಗಾಗಿ ಸಕ್ರಮದ ದೋಣಿಯೇ ನಿಮ್ಮದು, ಅಂದರೆ ಬಗರ್‌ಹುಕುಂ (ಅನುಮತಿ ಇಲ್ಲದೆ ಉತ್ತ ಸರ್ಕಾರಿ) ಜಮೀನನ್ನು ಮಂಜೂರು ಮಾಡಿಸಿಕೊಳ್ಳುವ ದಾರಿ. ಅಲ್ಲಿ ಅದೇ ಟಿ.ಟಿ. ರಸೀದಿ ಚಿನ್ನ. ಫಾರಂ 53ಕ್ಕೆ ಬೇಕಾದಂತೆ 1990ರ ಏಪ್ರಿಲ್ 14ಕ್ಕೆ ಮೊದಲೇ ಸ್ವಾಧೀನದಲ್ಲಿದ್ದಿರಿ ಎಂಬುದಕ್ಕೆ ಅದಕ್ಕಿಂತ ಒಳ್ಳೆ ಸಾಕ್ಷಿ ಸಿಗುವುದು ಕಷ್ಟ. ನೋಟಿಸಿಗೆ ಗಡುವಿನೊಳಗೇ ಲಿಖಿತ ಉತ್ತರ ಕೊಡಿ: ‘ಅರ್ಜಿ ಬಗರ್‌ಹುಕುಂ ಸಮಿತಿ ಮುಂದಿದೆ, ಅದು ತೀರ್ಮಾನವಾಗದೆ ಎಬ್ಬಿಸಬೇಡಿ.’ ಅರ್ಜಿಯ ಸ್ವೀಕೃತಿ, ರಸೀದಿಗಳ ನಕಲು ಲಗತ್ತಿಸಿ, ಮೊಹರು ಹಾಕಿಸಿಕೊಳ್ಳಿ. ಆದರೂ ಕೇಳದಿದ್ದರೆ ಹೈಕೋರ್ಟಿನಲ್ಲಿ ರಿಟ್. ಸಕ್ರಮದ ಅರ್ಜಿ ಬಾಕಿ ಇರುವಾಗ ತೆರವು ಬೇಡ ಎಂದು ಅಲ್ಲಿ ಹಲವು ಆದೇಶಗಳು ಬಂದಿವೆ. ಸಿವಿಲ್ ಕೋರ್ಟಿಗೆ ಹೊರಟರೆ ಸರ್ಕಾರಕ್ಕೆ ಎರಡು ತಿಂಗಳ ನೋಟಿಸ್ ಕೊಡಬೇಕು, ತುರ್ತಿದ್ದರೆ ಕೋರ್ಟಿನ ಅನುಮತಿ ಬೇಕು. ಅದರ ಮೇಲೆ ‘ಇದು ಕಂದಾಯ ನ್ಯಾಯಾಲಯದ ವಿಷಯ’ ಎಂಬ ತಕರಾರು ಬೇರೆ.

‘ನೋಟಿಸ್ ಕೊಟ್ಟು ಎಬ್ಬಿಸೋಕೆ ಆಗಲ್ಲ’ ಅಂತ ಯಾರಾದರೂ 1982ರ ಸುಪ್ರೀಂ ಕೋರ್ಟ್ ತೀರ್ಪು ತೋರಿಸಬಹುದು. ಅದು ಹೈದರಾಬಾದಿನ ಉಸ್ಮಾನಿಯಾ ವಿಶ್ವವಿದ್ಯಾಲಯದ ಜಮೀನಿನ ವ್ಯಾಜ್ಯ. ಹಕ್ಕಿನ ಬಗ್ಗೆ ಪ್ರಾಮಾಣಿಕ ತಕರಾರು ಇದ್ದಾಗ ಸರಸರನೆ ತೆರವು ಮಾಡುವಂತಿಲ್ಲ ಎಂದಿತು ಕೋರ್ಟ್. ಆ ಜಮೀನಿನಲ್ಲಿದ್ದವರ ಬಳಿ ಹಕ್ಕಿನ ವಾದ ಇತ್ತು, ನಿಮ್ಮ ಬಳಿ ಇರುವುದು ಅರ್ಜಿ.

ಒಂದು ಕಹಿ ಮಾತೂ ಹೇಳಿಬಿಡುತ್ತೇನೆ. ಸ್ಟೇ ಸಿಕ್ಕರೆ ಜಮೀನು ಸಿಕ್ಕಂತಲ್ಲ. 100 ಜಾನುವಾರಿಗೆ 30 ಎಕರೆ ಗೋಮಾಳ ಇರಬೇಕು ಎಂಬ ನಿಯಮವಿದೆ. ನಿಮ್ಮೂರಲ್ಲಿ ಅಷ್ಟು ಇಲ್ಲದಿದ್ದರೆ ಸಮಿತಿಯಲ್ಲಿ ಅರ್ಜಿ ಬೀಳಬಹುದು. ಊರವರ ಜಾಗದ ಒತ್ತುವರಿ ಸಕ್ರಮ ಮಾಡಬೇಡಿ ಎಂದು 2011ರಲ್ಲಿ ಸುಪ್ರೀಂ ಕೋರ್ಟ್ ಗಟ್ಟಿಯಾಗಿಯೇ ಹೇಳಿದೆ, ಪಂಜಾಬಿನ ಒಂದು ಕೆರೆಯ ಕೇಸಿನಲ್ಲಿ. ಭೂರಹಿತರಿಗೆ, ಪರಿಶಿಷ್ಟರಿಗೆ ಸರ್ಕಾರವೇ ಗುತ್ತಿಗೆಗೆ ಕೊಟ್ಟ ಜಮೀನಿನಂಥ ಅಪರೂಪದ ಪ್ರಕರಣಗಳಿಗೆ ಅಲ್ಲಿ ಸ್ವಲ್ಪ ರಿಯಾಯಿತಿ ಇದೆ. ನೀವು ಆ ಸಾಲಿನವರಾಗಿದ್ದರೆ ಉತ್ತರದಲ್ಲಿ ಮೊದಲ ಪ್ಯಾರಾದಲ್ಲೇ ಬರೆಯಿರಿ, ಕೊನೆಗೆ ತುರುಕಬೇಡಿ.

ನೋಟಿಸ್ ಬಂದ ಲಕೋಟೆಯನ್ನು ಎಸೆಯಬೇಡಿ. ನಿಮ್ಮ 7 ದಿನ ಯಾವತ್ತಿಂದ ಶುರು ಎಂಬುದಕ್ಕೆ ಅದರ ಮೇಲಿನ ಮುದ್ರೆಯೇ ಸಾಕ್ಷಿ.