ಎನ್‌1 ಮುಗಿಸಿಯೇ ಜಪಾನಿಗೆ ಹೋಗಬೇಕಾ? ನಾನು ಹಾಗೇ ಹೋಗಿದ್ದೆ

ಜಪಾನಿ ಭಾಷಾ ಪರೀಕ್ಷೆ ಜೆಎಲ್‌ಪಿಟಿಯಲ್ಲಿ ಎನ್‌2 ಆಗಿದೆ, ಜಪಾನಿನಲ್ಲಿ ಸಮಾಜಭಾಷಾವಿಜ್ಞಾನದಲ್ಲಿ (ಜನ ಯಾರ ಹತ್ತಿರ ಹೇಗೆ ಮಾತಾಡ್ತಾರೆ ಅನ್ನೋ ಅಧ್ಯಯನ) ಎಂ.ಎ. ಮಾಡಬೇಕು, ಒಂದು ವರ್ಷ ಕೂತು ಅದರ ಅತಿ ಮೇಲಿನ ಹಂತ ಎನ್‌1 ಮುಗಿಸಿಕೊಂಡೇ ಹೋಗಲಾ ಅಂತ ಕೇಳಿದ್ದೀರಿ. ನಾನು ಮುಗಿಸಿಕೊಂಡೇ ಹೋದವಳು. ಅದರಿಂದಲೇ ಕೆಟ್ಟೆ ಅಂದರೆ ನಂಬ್ತೀರಾ?

ಬೆಂಗಳೂರಿನ ಒಂದು ಕಂಪನಿಯಲ್ಲಿ ಮೂರು ವರ್ಷ ದುಭಾಷಿಯಾಗಿದ್ದೆ. ಬೆಳಗಿಂದ ಸಂಜೆವರೆಗೆ ಫೋನಿನಲ್ಲಿ ಕೈಗೊ, ಅಂದರೆ ಗೌರವದ ಜಪಾನಿ. ಅದರಲ್ಲಿ ಒಂದು ಲೆಕ್ಕ ನಮಗೆ ಪೂರ್ತಿ ಉಲ್ಟಾ. ಹೊರಗಿನವರ ಹತ್ತಿರ ಮಾತಾಡುವಾಗ ನಮ್ಮ ಕಡೆಯವರನ್ನು ತಗ್ಗಿಸಬೇಕು. ಗಿರಾಕಿ ಫೋನ್ ಮಾಡಿದರೆ ನಮ್ಮ ಮ್ಯಾನೇಜರ್ ಹೆಸರಿಗೆ 'ಸಾನ್' (ನಮ್ಮ 'ಅವರು' ಇದ್ದ ಹಾಗೆ) ಹಚ್ಚುವ ಹಾಗಿಲ್ಲ. ಅಪ್ಪನ ವಿಷಯಕ್ಕೂ ಅದೇ. ನಮ್ಮ ಮನೆಯಲ್ಲಿ "ಅಪ್ಪ ಊರಿಗೆ ಹೋಗಿದ್ದಾರೆ" ಅನ್ನೋದು ಯಾರು ಕೇಳಿದರೂ ಬದಲಾಗಲ್ಲ. ಈ ಲೆಕ್ಕ ಬಾಯಿಗೆ ಕೂರಲು ನನಗೆ ಒಂದು ವರ್ಷ ಹಿಡಿಯಿತು.

ಆಮೇಲೆ ಕ್ಯೋಟೋದ 'ಹರು' ಬಗ್ಗೆ ಓದಿದೆ. ಕ್ರಿಯಾಪದದ ಬಾಲಕ್ಕೆ ಅಂಟುವ ಸಣ್ಣ ತುಂಡು ಅದು. 'ಇಕು' ಅಂದರೆ ಹೋಗು. ಗೌರವಕ್ಕೆ ಕ್ಯೋಟೋದವರು 'ಇಕಹರು' ಅಂತಾರೆ, ಪಕ್ಕದ ಒಸಾಕಾದವರು 'ಇಕಿಹರು'. ನಮ್ಮ ಹಳೇ ಪದ್ಯಗಳ 'ಬಂದಿಹರು', 'ಹೋಗಿಹರು' ನೆನಪಾಗಲಿಲ್ವಾ? ಎರಡಕ್ಕೂ ಸಂಬಂಧ ಏನೂ ಇಲ್ಲ, ಸುಮ್ನೆ ಕಾಕತಾಳೀಯ. ಆದರೆ ನನಗೆ ಮಜಾ ಅನಿಸಿದ್ದು ಬೇರೆ. ಕ್ಯೋಟೋದವರು ಇದನ್ನು ತಮ್ಮ ಅಪ್ಪನಿಗೂ ಹಚ್ಚುತ್ತಾರೆ, ಅದೂ ಹೊರಗಿನವರ ಮುಂದೆ. ಅಳುವ ಕೂಸಿಗೂ ಹಚ್ಚುತ್ತಾರೆ. ಇದೇ ನನ್ನ ವಿಷಯ ಅಂತ ಅವತ್ತೇ ತೀರ್ಮಾನ ಮಾಡಿದೆ.

ಎನ್‌1 ಆಯಿತು, ಸ್ಕಾಲರ್‌ಶಿಪ್ ಸಿಕ್ಕಿತು, ಕ್ಯೋಟೋ ಸೇರಿದೆ. ಮೊದಲ ಬೇಸಿಗೆಯಲ್ಲೇ ನೇಕಾರರ ಹಳೇ ಬಡಾವಣೆ ನಿಶಿಜಿನ್‌ನಲ್ಲಿ ಮನೆ, ಅಂಗಡಿ ಸುತ್ತಿ 12 ಮಂದಿಯನ್ನು ಮಾತಾಡಿಸಿದೆ. ಒಟ್ಟು 11 ಗಂಟೆ ರೆಕಾರ್ಡಿಂಗ್. ಎಲ್ಲವನ್ನೂ ಅಕ್ಷರಕ್ಕಿಳಿಸಿ ಎಣಿಸಿದರೆ 'ಹರು' ಬಂದಿದ್ದು ನಾಲ್ಕು ಸಲ!

ನಮ್ಮ ಸೆನ್ಸೇ, ಅಂದರೆ ಪ್ರೊಫೆಸರ್, ಐದು ನಿಮಿಷ ಕೇಳಿ ಹೆಡ್‌ಫೋನ್ ತೆಗೆದರು. "ಇವರೆಲ್ಲ ಯಾರ ಹತ್ತಿರ ಮಾತಾಡ್ತಿದ್ದಾರೆ?" ಅಂತ ಕೇಳಿದರು. "ನನ್ನ ಹತ್ತಿರ" ಅಂದೆ. ಅವರು ಮತ್ತೇನೂ ಹೇಳಲಿಲ್ಲ.

ತಪ್ಪು ಎಲ್ಲಿ ಅಂತ ಸ್ವಲ್ಪ ಬಿಡಿಸಿ ಹೇಳ್ತೀನಿ, ಯಾಕಂದರೆ ನೀವೂ ಅಲ್ಲಿಗೇ ಹೊರಟಿದ್ದೀರಿ. ನಾನು ಹೋದ ಕಡೆಯೆಲ್ಲ ಸೊಂಟ ಬಗ್ಗಿಸಿ, ವಿಸಿಟಿಂಗ್ ಕಾರ್ಡ್ ಎರಡೂ ಕೈಯಲ್ಲಿ ಕೊಟ್ಟು, ಟಿವಿ ವಾರ್ತೆಯವರ ಜಪಾನಿಯಲ್ಲಿ ಮಾತು ಶುರು ಮಾಡುತ್ತಿದ್ದೆ. ಒಂದು ತಪ್ಪಿಲ್ಲ, ಒಂದು ತಡವರಿಕೆ ಇಲ್ಲ. ಕೇಳಿದವರು ಏನು ಮಾಡ್ತಾರೆ? ಅವರೂ ಬೆನ್ನು ನೆಟ್ಟಗೆ ಮಾಡಿ ಟೋಕಿಯೋ ಜಪಾನಿಗೆ ಜಾರುತ್ತಾರೆ. ಮಂಡ್ಯದ ಅಜ್ಜಿಯ ಮುಂದೆ ಯಾರೋ ಮೈಕ್ ಹಿಡಿದು "ತಮ್ಮ ಅಮೂಲ್ಯ ಅಭಿಪ್ರಾಯವನ್ನು ತಿಳಿಸುವಿರಾ" ಅಂದರೆ ಅಜ್ಜಿ 'ಬತ್ತಾರೆ' ಅಂತಾರಾ? ಕಷ್ಟಪಟ್ಟು 'ಬರುತ್ತಾರೆ' ಅಂತಾರೆ. ಆಮೇಲೆ ಮಂಡ್ಯದಲ್ಲಿ 'ಬತ್ತಾರೆ' ಸತ್ತೇ ಹೋಗಿದೆ ಅಂತ ಪ್ರಬಂಧ ಬರೆದರೆ? ನಾನು ಹೆಚ್ಚುಕಡಿಮೆ ಅದನ್ನೇ ಬರೆಯಲು ಹೊರಟಿದ್ದೆ. ಗಮನಿಸುವವರು ಇಲ್ಲದಾಗ ಜನ ಹೇಗೆ ಮಾತಾಡ್ತಾರೆ ಅಂತ ತಿಳಿಯಲು ಗಮನಿಸುತ್ತಲೇ ಇರಬೇಕು ಅನ್ನುವ ತೊಡಕನ್ನು ಅಮೆರಿಕದ ಭಾಷಾವಿಜ್ಞಾನಿ ಲಬಾವ್ 1972ರಲ್ಲೇ ಬರೆದಿದ್ದಾರೆ. ಅದನ್ನು ಓದಿ ಅಡಿಗೆರೆ ಎಳೆದವಳೇ ನಾನು.

ಇನ್ನೊಂದು ಪೆದ್ದುತನವನ್ನೂ ಜೊತೆಗೆ ಸೇರಿಸಿದ್ದೆ. "ನಿಮ್ಮ ಮನೆಯವರ ಬಗ್ಗೆ ಹೊರಗಿನವರಿಗೆ ಹೇಳುವಾಗ ಹರು ಬಳಸ್ತೀರಾ?" ಅಂತ ಪ್ರಶ್ನಾವಳಿ ಕೊಟ್ಟಿದ್ದೆ. ಬಹುತೇಕ ಎಲ್ಲರೂ 'ಇಲ್ಲ' ಅಂತ ಗುರುತು ಹಾಕಿದರು. ಸುಳ್ಳಲ್ಲ, ಸ್ಕೂಲಿನಲ್ಲಿ ಕಲಿತ ನಿಯಮವನ್ನು ಒಪ್ಪಿಸಿದರು ಅಷ್ಟೇ. ಪ್ರಶ್ನಾವಳಿ ಕೆಲಸಕ್ಕೆ ಬಾರದ್ದು ಅಂತಲ್ಲ. ಜಪಾನಿನ ರಾಷ್ಟ್ರೀಯ ಭಾಷಾ ಸಂಶೋಧನಾ ಸಂಸ್ಥೆ ಒಕಜಾಕಿ ಊರಿನಲ್ಲಿ 1953, 1972, 2008ರಲ್ಲಿ ಕೈಗೊ ಸಮೀಕ್ಷೆ ಮಾಡಿದೆ. ಇಂಥ ಸಂದರ್ಭದಲ್ಲಿ ಏನು ಹೇಳ್ತೀರಿ ಅಂತ ಮೂರು ಸಲವೂ ಕೇಳಿ ಹೋಲಿಸಿದ್ದರಿಂದ ಅರ್ಧ ಶತಮಾನದ ಬದಲಾವಣೆ ಕಾಣುತ್ತದೆ. ನನ್ನ ಹತ್ತಿರ ಇದ್ದದ್ದು ಒಂದು ಬೇಸಿಗೆ, 12 ಮಂದಿ.

ಹೊಟ್ಟೆ ಉರಿಸಿದ್ದು ತೋಫು ಅಂಗಡಿಯ ಅಜ್ಜಿ. ಒಂದು ಗಂಟೆ ನನ್ನ ಜೊತೆ ರೇಡಿಯೋ ಥರ ಮಾತಾಡಿದರು. ಧನ್ಯವಾದ ಹೇಳಿ ರೆಕಾರ್ಡರ್ ಆರಿಸಿ ಬ್ಯಾಗಿಗೆ ಹಾಕಿದೆ. ಅಜ್ಜಿ ಒಳಗಿದ್ದ ಮಗಳಿಗೆ ಕೂಗಿ, ಚೀಲದ ಮೇಲೆ ಮಲಗಿದ್ದ ಬೆಕ್ಕು ತೋರಿಸಿ "ನೆತಹರು" ಅಂದರು. ಬೆಕ್ಕು ಮಲಗಿದ್ದಾರೆ!

ಅರ್ಧ ವರ್ಷ ಹೋಯಿತು. ಎಂ.ಎ. ಒಂದು ಸೆಮಿಸ್ಟರ್ ಮುಂದಕ್ಕೆ ಬಿತ್ತು, ಅಷ್ಟರಲ್ಲಿ ಸ್ಕಾಲರ್‌ಶಿಪ್ ಅವಧಿ ಮುಗಿದಿತ್ತು. ಅಪ್ಪ ಎಫ್‌ಡಿ ಮುರಿಸಿ ದುಡ್ಡು ಕಳಿಸಿದರು.

ಕೊನೆಗೆ ಉಳಿಸಿದ್ದು ಪಾತ್ರೆ ತೊಳೆಯುವ ಕೆಲಸ. ವಿದ್ಯಾರ್ಥಿಗಳಿಗೆ ಅನುಮತಿ ಪಡೆದರೆ ವಾರಕ್ಕೆ 28 ಗಂಟೆ ದುಡಿಯಬಹುದು. ಒಂದು ಸಣ್ಣ ಊಟದ ಅಂಗಡಿಗೆ ವಾರಕ್ಕೆ ಮೂರು ಸಂಜೆ ಹೋದೆ. ಮೊದಲ ಎರಡು ತಿಂಗಳು ರೆಕಾರ್ಡರ್ ಮುಟ್ಟಲಿಲ್ಲ. ನನ್ನ ಕೈಗೊ ಕೇಳಿ ಯಜಮಾನತಿ ನಗುತ್ತಿದ್ದರು. ನಿಧಾನಕ್ಕೆ ಅವರ ಥರವೇ ಮಾತಾಡಲು ಕಲಿತೆ, ತಪ್ಪು ತಪ್ಪಾಗಿ. ತಪ್ಪು ಮಾಡಿದಷ್ಟೂ ಅವರು ನನ್ನ ಮುಂದೆ ಸಡಿಲವಾದರು. ಆಮೇಲೆ ಎಲ್ಲರಿಂದ ಲಿಖಿತ ಒಪ್ಪಿಗೆ ತೆಗೆದುಕೊಂಡು (ಕದ್ದು ರೆಕಾರ್ಡ್ ಮಾಡಬೇಡಿ, ಯಾವತ್ತೂ) ಅಡುಗೆಮನೆಯ ಕಪಾಟಿನಲ್ಲಿ ರೆಕಾರ್ಡರ್ ಇಟ್ಟೆವು. ಮೊದಲ ವಾರದ್ದನ್ನು ಬಳಸಲಿಲ್ಲ. ಎರಡನೇ ವಾರಕ್ಕೆ ಅದು ಅಲ್ಲಿದೆ ಅನ್ನೋದೇ ಎಲ್ಲರಿಗೂ ಮರೆತಿತ್ತು. ಗಂಡನಿಗೆ ಹರು, ಪೋಸ್ಟ್‌ಮ್ಯಾನ್‌ಗೆ ಹರು, ಟಿವಿಯಲ್ಲಿ ಕಂಡ ಕಳ್ಳನಿಗೂ ಹರು.

ಹಾಗಾಗಿ ನಿಮ್ಮ ಪ್ರಶ್ನೆಯೇ ನನಗೆ ಸರಿ ಕಾಣಲ್ಲ. ಭಾಷೆ ಪೂರ್ತಿ ಮುಗಿಸಿ ಆಮೇಲೆ ಸಂಶೋಧನೆ ಅನ್ನೋದು ಇಲ್ಲ. ಎನ್‌1ರಲ್ಲಿ 180ಕ್ಕೆ 100 ಬಂದರೆ, ಒಂದೊಂದು ಭಾಗದಲ್ಲೂ ಕನಿಷ್ಠ 19 ಬಂದರೆ, ಪಾಸು. ಇಡೀ ಪರೀಕ್ಷೆಯಲ್ಲಿ ಒಂದು ಸಲವೂ ಬಾಯಿ ತೆರೆಯಬೇಕಿಲ್ಲ. ನೀವು ಸೇರಬೇಕೆಂದಿರುವ ವಿಭಾಗ ಎನ್‌1 ಬೇಕೇಬೇಕು ಅಂದರೆ ಬರೆಯಿರಿ, ಬೇರೆ ದಾರಿ ಇಲ್ಲ. ಕೇಳದಿದ್ದರೆ ಆ ವರ್ಷವನ್ನು ಕಿವಿಗೆ ಕೊಡಿ. ಯಾರಾದರೂ ಇಬ್ಬರು ಗೆಳೆಯರ ಹರಟೆಯನ್ನು ಒಪ್ಪಿಗೆ ಪಡೆದು ಹತ್ತು ನಿಮಿಷ ರೆಕಾರ್ಡ್ ಮಾಡಿ, ಉಸಿರು, 'ಆಂ', 'ಊಂ' ಸಮೇತ ಅಕ್ಷರಕ್ಕಿಳಿಸಿ. ಕನ್ನಡದಲ್ಲೇ ಮಾಡಿ ನೋಡಿ. ಒಂದು ದಿನ ಪೂರ್ತಿ ಹೋಗುತ್ತದೆ. ಅದರಲ್ಲಿ ನಿಮಗೆ ಬೇಜಾರಾದರೆ ಈ ವಿಷಯ ಬೇಡ, ಬೇರೆ ನೋಡಿ. ಟೋಕಿಯೋ ವಿಶ್ವವಿದ್ಯಾಲಯಗಳ ಪಟ್ಟಿ ಹಾಕಿದ್ದೀರಲ್ಲ, ಅದರ ಬಗ್ಗೆಯೂ ಒಂದು ಮಾತು. ವಿಶ್ವವಿದ್ಯಾಲಯದ ಹೆಸರು ಬಿಟ್ಟು, ಯಾವ ಪ್ರೊಫೆಸರ್ ತಮ್ಮ ವಿದ್ಯಾರ್ಥಿಗಳನ್ನು ಹಳ್ಳಿಗೆ, ಕೇರಿಗೆ ಕರೆದುಕೊಂಡು ಹೋಗ್ತಾರೆ ಅಂತ ಹುಡುಕಿ, ಅವರಿಗೆ ಮೊದಲು ಮೇಲ್ ಬರೆಯಿರಿ. ಆ ಮೇಲ್‌ನಲ್ಲಿ ಮಾತ್ರ ಕೈಗೊ ಚೆನ್ನಾಗಿರಲಿ.

ಅಂದಹಾಗೆ, ಬೆಕ್ಕಿನ ವಾಕ್ಯ ನನ್ನ ಪ್ರಬಂಧದಲ್ಲಿ ಇಲ್ಲ. ರೆಕಾರ್ಡ್ ಆಗಿಲ್ಲದ್ದು ಲೆಕ್ಕಕ್ಕಿಲ್ಲ ಅಂತ ಸೆನ್ಸೇ ಹೊಡೆದು ಹಾಕಿದರು. ಆಮೇಲೆ ಎರಡು ಸಲ ರೆಕಾರ್ಡರ್ ಹಿಡಿದು ಆ ಅಂಗಡಿಗೆ ಹೋದೆ. ಎರಡು ಸಲವೂ ಬೆಕ್ಕು ಎದ್ದಿತ್ತು.