ಬ್ಲೂಟೂತ್ ಬಡ್ಸ್‌ನಲ್ಲಿ ಲಾಸ್‌ಲೆಸ್ ಕೇಳಿದ್ರೆ ವ್ಯತ್ಯಾಸ ಯಾಕೆ ಗೊತ್ತಾಗಲ್ಲ?

ಅದು ನಿಮ್ಮ ಕಿವಿ ತಪ್ಪಲ್ಲ. ಮ್ಯೂಸಿಕ್ ಆ್ಯಪ್‌ನಲ್ಲಿ ಲಾಸ್‌ಲೆಸ್, ಅಂದ್ರೆ ಏನೂ ಕಳೆಯದೆ ಪೂರ್ತಿ ಉಳಿಸಿದ ಸೌಂಡು, ಆನ್ ಮಾಡಿದ್ರೂ ಬಡ್ಸ್ ತಲುಪೋ ಹೊತ್ತಿಗೆ ಹೆಚ್ಚಾಗಿ ಅದು ಲಾಸ್‌ಲೆಸ್ ಆಗಿ ಉಳಿದಿರಲ್ಲ.

ಸಿಡಿ ಕ್ವಾಲಿಟಿ ಅಂದ್ರೆ ಸೆಕೆಂಡಿಗೆ 44,100 ಸಲ ಅಳೆದ 16 ಬಿಟ್ ಸ್ಟೀರಿಯೋ ಸೌಂಡು, ಒಟ್ಟು 1,411 ಕೆಬಿಪಿಎಸ್, ಅಂದ್ರೆ ಸೆಕೆಂಡಿಗೆ 14 ಲಕ್ಷ ಚಿಲ್ಲರೆ ಬಿಟ್. ಫ್ಲ್ಯಾಕ್ ಅನ್ನೋ ಲಾಸ್‌ಲೆಸ್ ಫೈಲು ಇದನ್ನ ಸೀರೆ ಮಡಚಿದ ಹಾಗೆ ಮಡಚಿಡತ್ತೆ ಅಷ್ಟೇ, ಬಿಚ್ಚಿದ್ರೆ ಒಂದು ಎಳೆನೂ ಹೋಗಿರಲ್ಲ. ಆದ್ರೆ ಬ್ಲೂಟೂತ್‌ನಲ್ಲಿ ಸೌಂಡನ್ನ ಹಿಂಡಿ ಕಳಿಸೋ ಮಾಮೂಲಿ ವಿಧಾನ ಎಸ್‌ಬಿಸಿ ಕೊಡೋದು ಸುಮಾರು 328 ಕೆಬಿಪಿಎಸ್, ಸೋನಿಯವರ ಎಲ್‌ಡ್ಯಾಕ್ ಕೂಡ ಜಾಸ್ತಿ ಅಂದ್ರೆ 990, ಹಾಗಾಗಿ ಫೋನು ಆ ಸೌಂಡನ್ನ ಮತ್ತೆ ಹಿಂಡಿ ಕಿವಿಗೆ ಕೇಳಿಸಲ್ಲ ಅಂತ ಲೆಕ್ಕ ಹಾಕಿದ್ದನ್ನೆಲ್ಲ ಬಿಸಾಕಿ ಕಳಿಸತ್ತೆ.

ವ್ಯತ್ಯಾಸ ಕೇಳಬೇಕಂದ್ರೆ ಬ್ಲೂಟೂತ್ ಬಿಟ್ಟು, ಫೋನಿಗೆ ಚುಚ್ಚೋ ಟೈಪ್ ಸಿ ಡಾಂಗಲ್ ತಗೊಂಡು ವೈರ್ ಹೆಡ್‌ಫೋನ್ ಹಾಕಿ ಕೇಳಿ, ಆದ್ರೆ ಮುಂಬೈನ ಡೊಂಬಿವಲಿ ಫಾಸ್ಟ್ ಲೋಕಲ್ ರೈಲಲ್ಲಿ ನಿಂತ್ಕೊಂಡು ಬೇಡ, ಆ ಗದ್ದಲದಲ್ಲಿ ಸೂಕ್ಷ್ಮ ಎಲ್ಲ ಮುಳುಗೋಗತ್ತೆ. ನಾನು ರಾತ್ರಿ ಫ್ಯಾನ್ ಆಫ್ ಮಾಡಿ ಎಲೆಕ್ಟ್ರಾನಿಕ್ ಪಾಪ್ ಆಲ್ಬಮ್ ಹಾಕ್ತೀನಿ, ಡ್ರಮ್ಸ್‌ನ ತಾಳದಂಥ ಹೈಹ್ಯಾಟ್‌ನ ಚಿಸ್ ಚಿಸ್ ಚೂಪಾಗಿರತ್ತೆ, ಸಿಂಥ್ (ಎಲೆಕ್ಟ್ರಾನಿಕ್ ಕೀಬೋರ್ಡ್) ನಿಂತ ಮೇಲೆ ಅದರ ಗುಂಗು ನಿಧಾನಕ್ಕೆ ಕರಗೋದು ಕೊನೇವರೆಗೂ ಕೇಳತ್ತೆ. ಕಮ್ಮಿ ಬಿಟ್‌ರೇಟಲ್ಲಿ ಮೊದಲು ಕೆಡೋದು ಹೆಚ್ಚಾಗಿ ಇಂಥವೇ. 320 ಕೆಬಿಪಿಎಸ್‌ನ ಎಂಪಿ3 ಜೊತೆ ಹೋಲಿಸಿದ್ರೆ ಮಾತ್ರ ವ್ಯತ್ಯಾಸ ತುಂಬಾ ಸಣ್ಣದು, ದುಡ್ಡಿದ್ರೆ ಮೊದಲು ಒಳ್ಳೇ ಹೆಡ್‌ಫೋನಿಗೆ ಹಾಕಿ.