ಅಮ್ಮನನ್ನು ಕೂಜಿಗೆ ಕರಕೊಂಡು ಹೋಗಲಾ ಅಂತ ಕೇಳಿದಿರಲ್ಲ

ಸಿಡ್ನಿಗೆ ಬಂದು ಇನ್ನೂ ಸೂಟ್‌ಕೇಸ್ ಪೂರ್ತಿ ಬಿಚ್ಚಿಲ್ಲ, ಆಗಲೇ ಬಾಡಿಗೆ, ಮಗನ ಶಾಲೆ, ಕನ್ನಡದವರ ಸಂಗ, ಡಿಸೆಂಬರಿಗೆ ಬರುವ ಅಮ್ಮ, ಇಲ್ಲಿನ ಕಡಲತೀರದ ಬಡಾವಣೆ ಕೂಜಿಯಲ್ಲಿರೋ ಹೆಂಗಸರ ಈಜುಕೊಳ ಎಲ್ಲವನ್ನೂ ಒಂದೇ ಉಸಿರಿಗೆ ಕೇಳಿದ್ದೀರಿ. ಬಾಡಿಗೆಗೆ ನನ್ನ ಹತ್ತಿರ ಉತ್ತರವಿಲ್ಲ. ರ್‍ಯಾಂಡ್ವಿಕ್ ಕಡೆ ಬಾಡಿಗೆ ಕಟ್ಟೋದು ಮನೆಗಲ್ಲ, ಕಡಲು ಹತ್ತಿರ ಇರೋದಕ್ಕೆ. ಸರ್ಕಾರಿ ಶಾಲೆ ವಿಳಾಸ ನೋಡಿ ಸೇರಿಸಿಕೊಳ್ಳುತ್ತೆ, ಹಾಗಾಗಿ ಮೊದಲು ಮನೆ. ಕನ್ನಡದವರು ರಾಜ್ಯೋತ್ಸವದ ಹೊತ್ತಿಗೆ ತಾವಾಗಿಯೇ ಸಿಕ್ಕುತ್ತಾರೆ. ಕೊಳದ ವಿಚಾರ ಮಾತ್ರ ಸಾವಕಾಶವಾಗಿ ಬರೀತೀನಿ.

"ಗಂಡಸರ ಎದುರು ಈಜುಡುಗೆ ಹಾಕೋಕೆ ನಾಚಿಕೆ, ಅಲ್ಲಿ ನಿಜವಾಗಲೂ ಗಂಡಸರನ್ನ ಬಿಡಲ್ವಾ?" ಅಂದಿದ್ದೀರಿ. ಬಿಡಲ್ಲ. ಹೆಂಗಸರು, ಮಕ್ಕಳು ಅಷ್ಟೇ. ಹೆಸರು ಮೆಕೈವರ್ಸ್ ಲೇಡೀಸ್ ಬಾತ್ಸ್. ಕೂಜಿ ಬೀಚಿನ ದಕ್ಷಿಣಕ್ಕೆ, ಬಂಡೆಯ ಬುಡದಲ್ಲಿದೆ. ಬಂಡೆಯ ಹಾಸಿನಲ್ಲೇ ಗೋಡೆ ಕಟ್ಟಿ ಕಡಲನ್ನು ಒಳಗೆ ನಿಲ್ಲಿಸಿದ್ದಾರೆ. ಉಬ್ಬರ ಬಂದಾಗ ಅಲೆಗಳು ಗೋಡೆ ಹಾರಿ ಬಿದ್ದು ನೀರನ್ನು ಬದಲಿಸುತ್ತವೆ. ನ್ಯೂ ಸೌತ್ ವೇಲ್ಸ್ ಕರಾವಳಿಯುದ್ದಕ್ಕೂ ಇಂಥ ಕಡಲಕೊಳಗಳು ನೂರರ ಆಸುಪಾಸು ಇವೆ. ಹೆಂಗಸರಿಗೇ ಅಂತ ಉಳಿದಿರೋದು ಇಡೀ ಆಸ್ಟ್ರೇಲಿಯಾದಲ್ಲಿ ಇದೊಂದೇ.

ನಿಮ್ಮ ನಾಚಿಕೆ ಈ ಊರಿಗೆ ಹೊಸದಲ್ಲ. ಇವತ್ತು ಅರ್ಧ ಊರು ಬೀಚಿನಲ್ಲೇ ಬಿದ್ದಿರುತ್ತೆ, ಆದರೆ 1838ರ ಕಾನೂನಿನ ಪ್ರಕಾರ ಬೆಳಗ್ಗೆ 6ರಿಂದ ರಾತ್ರಿ 8ರವರೆಗೆ ನಾಲ್ಕು ಜನರಿಗೆ ಕಾಣುವಂತೆ ಕಡಲಿಗಿಳಿಯುವ ಹಾಗಿರಲಿಲ್ಲ. ಮರ್ಯಾದೆಯ ಪ್ರಶ್ನೆ! 1902ರಲ್ಲಿ ಸಿಡ್ನಿಯದೇ ಮ್ಯಾನ್ಲಿ ಬೀಚಿನಲ್ಲಿ ವಿಲಿಯಂ ಗೋಚರ್ ಅನ್ನುವ ಪತ್ರಕರ್ತ ಹೇಳಿಯೇ ಹಾಡಹಗಲು ನೀರಿಗಿಳಿದ ಮೇಲೆ ಆ ಕಟ್ಟಲೆ ಸಡಿಲಾಯಿತು. ಅದಕ್ಕೂ ಎಷ್ಟೋ ಮೊದಲೇ ಕೂಜಿಯ ಈ ಮರೆಯಲ್ಲಿ ಹೆಂಗಸರು ಮೀಯುತ್ತಿದ್ದರು. 1886ರಲ್ಲಿ ಕೊಳ ಕಟ್ಟಿದರು. ಆಮೇಲೆ ರಾಬರ್ಟ್ ಮತ್ತು ರೋಸ್ ಮೆಕೈವರ್ ದಂಪತಿ ನೋಡಿಕೊಂಡರು. 1923ರಲ್ಲಿ ಹೆಂಗಸರದೇ ಈಜು ಕ್ಲಬ್ ಹುಟ್ಟಿತು, ಇಂದಿಗೂ ನಡೆಸುವವರು ಅವರೇ. ತೊಂಬತ್ತರ ದಶಕದಲ್ಲಿ ಒಬ್ಬ ಗಂಡಸು, ತನ್ನನ್ನು ಒಳಗೆ ಬಿಡದಿರೋದು ತಾರತಮ್ಯ ಅಂತ ದೂರು ಕೊಟ್ಟ. ಸರ್ಕಾರ 1995ರಲ್ಲಿ ಕೊಳಕ್ಕೆ ಕಾನೂನಿನಿಂದ ವಿನಾಯಿತಿ ಕೊಟ್ಟು ಆ ಮಾತು ಮುಗಿಸಿತು.

ಅಲ್ಲಿಂದ ಸ್ವಲ್ಪ ಮುಂದಕ್ಕೆ 1907ರ ವೈಲೀಸ್ ಬಾತ್ಸ್ ಇದೆ, ಗಂಡು ಹೆಣ್ಣು ಎಲ್ಲರಿಗೂ. ಅದನ್ನು ಕಟ್ಟಿಸಿದ ಹೆನ್ರಿ ವೈಲಿಯ ಮಗಳು ಮೀನಾ, ಗೆಳತಿ ಫ್ಯಾನಿ ಡುರಾಕ್ ಜೊತೆ 1912ರ ಸ್ಟಾಕ್‌ಹೋಮ್ ಒಲಿಂಪಿಕ್ಸಿಗೆ ಹೋದಳು. ಹೆಂಗಸರಿಗೆ ಈಜಿನ ಸ್ಪರ್ಧೆ ಇಟ್ಟದ್ದೇ ಆಗ ಮೊದಲು. ಫ್ಯಾನಿಗೆ ಚಿನ್ನ, ಮೀನಾಗೆ ಬೆಳ್ಳಿ. ಹೊರಡುವ ಮೊದಲು ತಕರಾರು ಬಂದದ್ದು ಗಂಡಸರಿಂದ ಮಾತ್ರ ಅಲ್ಲ. ಗಂಡಸರು ನೋಡುವ ಕಡೆ ನಮ್ಮವರು ಸ್ಪರ್ಧಿಸಬಾರದು ಅಂತ ನಿಯಮ ಮಾಡಿದ್ದು ಮಹಿಳಾ ಈಜು ಸಂಘವೇ! ಜನರ ಒತ್ತಾಯಕ್ಕೆ ಅದನ್ನು ಬಿಡಬೇಕಾಯಿತು.

ಇಷ್ಟೆಲ್ಲ ಈಗ ಗೊತ್ತು. ನಾನು ಬಂದಾಗ ಫೋನಿನಲ್ಲಿ ನಕ್ಷೆ ಇರಲಿಲ್ಲ, ಯಾರೂ ಹೇಳಲೂ ಇಲ್ಲ. ದಾರಿಯಲ್ಲಿ ಹೋಗುವವರ ಕಣ್ಣಿಗೆ ಕೊಳ ಬೀಳೋದೂ ಇಲ್ಲ, ಹೆಂಗಸರಿಗೆ ಹಿಡಿಸಿದ್ದೇ ಆ ಮರೆ. ನನ್ನ ಅಮ್ಮ ಒಂದು ಬೇಸಿಗೆಗೆ ಬಂದಿದ್ದಳು. ಹುಡುಗಿಯಾಗಿದ್ದಾಗ ತೋಟದ ಬಾವಿಯಲ್ಲಿ ಸೊಂಟಕ್ಕೆ ಸೋರೆಬುರುಡೆ ಕಟ್ಟಿಕೊಂಡು ಈಜು ಕಲಿತವಳು. ದೊಡ್ಡವಳಾದ ಮೇಲೆ ಬಾವಿಗಿಳಿಯೋದು ನಿಂತಿತು, ಯಾಕೆ ಅಂತ ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ. ಕೂಜಿಯಲ್ಲಿ ನೆರಿಗೆ ಎತ್ತಿ ಹಿಡಿದು ಪಾದ ನೆನೆಸುತ್ತಾ, "ಅಲ್ಲಿ ಎಷ್ಟು ಆಳವೇ?" ಅಂತ ಕೇಳುತ್ತಲೇ ಇದ್ದಳು. ಸುತ್ತ ಅಷ್ಟು ಜನ, ಅವಳು ಮುಂದೆ ಹೋಗಲಿಲ್ಲ. ಕೊಳ ಅಲ್ಲಿಂದ ಒಂದು ಸಣ್ಣ ನಡಿಗೆ. ಆಮೇಲೆ ಮಂಡಿ ಕೈಕೊಟ್ಟಿತು, ಅವಳಿಗೆ ಮತ್ತೆ ಬರೋಕಾಗಲಿಲ್ಲ. ನಾನು ಮೆಕೈವರ್ಸಿಗೆ ಮೊದಲ ಸಲ ಇಳಿದಾಗ ಅವಳು ಇರಲೂ ಇಲ್ಲ. ಎಂಬತ್ತರ ಬಿಳಿತಲೆಯ ಅಜ್ಜಿಯರು ಕಂಬಿ ಹಿಡಿದು ಹರಟುತ್ತಾ ನೀರಿಗಿಳಿಯೋದು ಕಂಡರೆ ನನಗೆ ಈಗಲೂ ಹೊಟ್ಟೆಕಿಚ್ಚು.

ಹಾಗಾಗಿ ನಿಮ್ಮ ಅಮ್ಮನನ್ನು ಕರಕೊಂಡು ಹೋಗಿ. ಬಂದ ವಾರವೇ ಹೋಗಿ, ಜೆಟ್‌ಲ್ಯಾಗ್ ಇಳಿಯಲಿ, ಭಾನುವಾರ ನೋಡೋಣ ಅಂತೆಲ್ಲ ಕೂರಬೇಡಿ. ಒಂದು ಮಾತು ಮೊದಲೇ ಅವರ ಕಿವಿಗೆ ಹಾಕಿ: ಬಿಸಿಲು ಕಾಯುವ ಕೆಲವರ ಮೈಮೇಲೆ ಬಟ್ಟೆ ಕಮ್ಮಿ ಇರುತ್ತೆ. ತಲೆಯಿಂದ ಪಾದದವರೆಗೆ ಮುಚ್ಚಿಕೊಂಡು ಈಜುವವರೂ ಪಕ್ಕದಲ್ಲೇ ಇರುತ್ತಾರೆ, ಯಾರೂ ಯಾರನ್ನೂ ದಿಟ್ಟಿಸಲ್ಲ. ಫೋಟೋ ತೆಗೆಯಬೇಡಿ, ಊರಿನ ವಾಟ್ಸಾಪ್ ಗುಂಪಿಗೂ ಬೇಡ. ಸೀರೆ, ಚೂಡಿದಾರ್ ನೆನೆದರೆ ಭಾರ. ಈಜಿಗೆಂದೇ ಹೊಲಿದ ಉದ್ದ ತೋಳಿನ ರ್‍ಯಾಶ್ ವೆಸ್ಟ್, ಲೆಗ್ಗಿಂಗ್ಸ್ ಸಾಕು. ಬಂಡೆ ಜಾರುತ್ತೆ, ಕಡಲಮುಳ್ಳಿಗಳೂ ಇರುತ್ತವೆ, ಕಾಲಿಗೆ ರಬ್ಬರ್ ಚಪ್ಪಲಿ ಇರಲಿ.

ನಿಮಗೆ ಈಜು ಬರಲ್ಲ ಅಂದಿರಿ. ಪಕ್ಕದ ಮರೂಬ್ರಾದಲ್ಲಿ ಕೌನ್ಸಿಲಿನ ಡೆಸ್ ರೆನ್‌ಫರ್ಡ್ ಕೊಳಕ್ಕೆ ಮಗನ ಜೊತೆ ನೀವೂ ಸೇರಿಕೊಳ್ಳಿ. ಬೀಚಿನಲ್ಲಿ ಕಾವಲಿನವರು ನೆಟ್ಟ ಕೆಂಪು-ಹಳದಿ ಬಾವುಟಗಳ ನಡುವೆ ಬಿಟ್ಟು ಬೇರೆಲ್ಲೂ ಇಳಿಯಬೇಡಿ, ಮೊಣಕಾಲುದ್ದ ನೀರಾದರೂ ಸರಿ. ಕಡಲು ಜೋರಾಗಿದ್ದ ದಿನ ಮೆಕೈವರ್ಸಿಗೂ ಬೇಡ. ಗೋಡೆ ಹಾರಿ ಬರುವ ಅಲೆ ಮನುಷ್ಯರನ್ನು ಎತ್ತಿ ಬಂಡೆಗೆ ಬಡಿಯುತ್ತೆ, ಅಂಥ ದಿನ ಅವರೇ ಬಾಗಿಲು ಹಾಕಿರುತ್ತಾರೆ, ಬೆಳಗ್ಗೆ ವಿಚಾರಿಸಿಕೊಂಡು ಹೊರಡಿ.